ಪಾಲಿನ ದಾವೆ ನಿಲ್ಲುವ ಜಾಗಗಳು: ಶಿರಸಿ ಕಡೆಯ ಒಂದು ಕಡತದ ದಾರಿ

ಪಾಲಿನ ದಾವೆಯ ಕಡತ ಕೈಗೆ ಬಂದರೆ ಮೊದಲು ಬಿಡಿಸಿ ನೋಡಬೇಕಾದ್ದು ಆರ್ಡರ್ ಶೀಟು, ಅಂದರೆ ಆಯಾ ದಿನದ ಕಲಾಪವನ್ನು ನ್ಯಾಯಾಲಯ ಬರೆದಿಡುವ ಹಾಳೆ. ದಾವೆಪತ್ರ, ಕೈಫಿಯತ್ತು (ಪ್ರತಿವಾದಿಯ ಲಿಖಿತ ಉತ್ತರ), ಸಾಕ್ಷಿ ಹೇಳಿಕೆ ಎಲ್ಲ ಆಮೇಲೆ. ಎಡಗಡೆ ತಾರೀಖು, ಬಲಗಡೆ ಎರಡು ಮೂರು ಸಾಲು. 'ಪ್ರತಿವಾದಿ 7ರ ಸಮನ್ಸ್ ಜಾರಿಯಾಗದೆ ವಾಪಸು. ಸರಿಯಾದ ವಿಳಾಸ ಮತ್ತು ಪಿ.ಎಫ್. ಸಲ್ಲಿಸಲು.' ಪಿ.ಎಫ್. ಎಂದರೆ ಪ್ರೋಸೆಸ್ ಫೀ, ಸಮನ್ಸ್ ಜಾರಿಯ ಶುಲ್ಕ. ಮುಂದಿನ ವಾಯ್ದೆಗೆ (ವಿಚಾರಣೆಯ ತಾರೀಖಿಗೆ): 'ಪಿ.ಎಫ್. ಸಲ್ಲಿಸಿಲ್ಲ. ಕಾಲಾವಕಾಶ ಕೋರಿದೆ.' ಅದರ ಮುಂದಿನದಕ್ಕೆ: 'ಪ್ರತಿವಾದಿ 3 ಮಯತರಾದ ಬಗ್ಗೆ ಮೆಮೊ. ವಾರಸುದಾರರನ್ನು ತರಲು.' ಹತ್ತು ಹದಿನೈದು ವರ್ಷ ಹಳೆಯ ದಾವೆಯಲ್ಲೂ ಸಾಕ್ಷಿ ಕಟಕಟೆ ಹತ್ತಿದ ದಿನಗಳು ಬೆರಳೆಣಿಕೆ. ಮಿಕ್ಕ ಪುಟಗಳೆಲ್ಲ ಇಂಥ ಸಾಲುಗಳೇ.

ವಿಚಾರಣೆ ಚುರುಕಾಗಬೇಕು ಎಂದು ಎಲ್ಲರೂ ಹೇಳುತ್ತಾರೆ. ನಮ್ಮ ಕಡೆಯ ಸಿವಿಲ್ ಕಡತಗಳನ್ನು ನೋಡಿದರೆ ವರ್ಷಗಳು ಕಳೆಯುವುದು ವಿಚಾರಣೆ ಶುರುವಾಗುವ ಮೊದಲು ಮತ್ತು ತೀರ್ಪು ಬಂದ ನಂತರ. ನಡುವಿನ ಸಾಕ್ಷಿ, ಪಾಟೀಸವಾಲು, ವಾದ ಇವಕ್ಕೆ ಹಿಡಿಯುವ ಕಾಲ ಅದರ ಮುಂದೆ ಏನೇನೂ ಅಲ್ಲ. ಹಾಗಾಗಿ ಒಂದು ಸಾಮಾನ್ಯ ಪಾಲಿನ ದಾವೆ ಹಿಡಿದು, ಅದು ಎಲ್ಲೆಲ್ಲಿ ನಿಲ್ಲುತ್ತದೆ, ಯಾಕೆ ನಿಲ್ಲುತ್ತದೆ, ಕಕ್ಷಿದಾರ ಏನು ಮಾಡಬಹುದು ಎಂದು ಬರೆಯುತ್ತಿದ್ದೇವೆ. ಆಸ್ತಿ ಹೀಗಿದೆ ಎಂದುಕೊಳ್ಳಿ: ಕಣಿವೆಯಲ್ಲಿ ಎರಡೂವರೆ ಎಕರೆ ಅಡಿಕೆ ತೋಟ, ಅದಕ್ಕೆ ಹೊಂದಿದ ಸೊಪ್ಪಿನ ಬೆಟ್ಟ (ತೋಟಕ್ಕೆ ಸೊಪ್ಪು ತರುವ ಕಾಡು), ಒಂದಿಷ್ಟು ಗದ್ದೆ, ಹಳೆಯ ಮನೆ, ಅಟ್ಟ, ಕೊಟ್ಟಿಗೆ. ಕಕ್ಷಿಗಳು ಮೂರು ತಲೆಮಾರಿನ ಹದಿನಾಲ್ಕು ಮಂದಿ.

ದಾವೆ ಹೂಡುವ ಖರ್ಚು ನೋಡಿ ಜನ ನಂಬುವುದಿಲ್ಲ. ವಾದಿ ತಾನೂ ಜಂಟಿ ಸ್ವಾಧೀನದಲ್ಲಿದ್ದೇನೆ ಎಂದು ಹೇಳಿಕೊಂಡರೆ ಕರ್ನಾಟಕ ನ್ಯಾಯಾಲಯ ಶುಲ್ಕ ಮತ್ತು ದಾವೆ ಮೌಲ್ಯಮಾಪನ ಕಾಯ್ದೆ, 1958ರ 35(2)ನೇ ಕಲಮಿನ ಪ್ರಕಾರ ಶುಲ್ಕ ಹೆಚ್ಚೆಂದರೆ 200 ರೂಪಾಯಿ. ಮೊದಲ ತೊಡಕು ಇಲ್ಲೇ. ಎದುರಿನವರು 'ವಾದಿ ಸ್ವಾಧೀನದಲ್ಲೇ ಇಲ್ಲ, ಮೂವತ್ತು ವರ್ಷದಿಂದ ಮುಂಬೈಯಲ್ಲಿದ್ದಾನೆ, 35(1)ರಡಿ ಅವನ ಪಾಲಿನ ಮೌಲ್ಯದ ಮೇಲೆ ಶುಲ್ಕ ಕಟ್ಟಲಿ' ಎಂದು ತಕರಾರು ತೆಗೆದು, ಅದನ್ನೇ ಪ್ರಾಥಮಿಕ ವಿವಾದಾಂಶ ಮಾಡಿ ಎಂದು ಅರ್ಜಿ ಹಾಕುತ್ತಾರೆ. ಒಂದು ವರ್ಷ ಅಲ್ಲೇ ಹೋದೀತು. ದಾವೆಪತ್ರದಲ್ಲಿ ಸ್ವಾಧೀನದ ಬಗ್ಗೆ ಅಡ್ಡಗೋಡೆಯ ಮೇಲೆ ದೀಪ ಇಟ್ಟಂತೆ ಬರೆಯದೆ, ಯಾವ ವರ್ಷದ ತನಕ ಉತ್ಪನ್ನದಲ್ಲಿ ಪಾಲು ಬಂತು, ಮನೆಯ ಯಾವ ಕೋಣೆ ತನ್ನ ಬಳಿ ಇದೆ, ಹಬ್ಬಕ್ಕೆ ಬಂದಾಗ ಎಲ್ಲಿ ಇಳಿಯುವುದು ಎಂದು ಬಿಡಿಸಿ ಬರೆದರೆ ಈ ತಕರಾರಿಗೆ ಬಲ ಬರುವುದಿಲ್ಲ.

ಎರಡನೆಯ ತೊಡಕು ವಂಶವೃಕ್ಷದ್ದು. ಮದುವೆಯಾಗಿ ಸಾಗರಕ್ಕೋ ಹೊನ್ನಾವರಕ್ಕೋ ಹೋದ ಅತ್ತೆಯಂದಿರ ಹೆಸರು ಬಿಟ್ಟೇ ದಾವೆ ಹಾಕಿದ ಕಡತಗಳು ಈಗಲೂ ಬರುತ್ತವೆ. ಕರ್ನಾಟಕದಲ್ಲಿ ಮಗಳಿಗೆ ಹುಟ್ಟಿನಿಂದಲೇ ಸಮಪಾಲು ಎಂಬ ರಾಜ್ಯ ತಿದ್ದುಪಡಿ 1994ರಲ್ಲೇ ಜಾರಿಗೆ ಬಂದಿತ್ತು. ಹಿಂದೂ ಉತ್ತರಾಧಿಕಾರ ಕಾಯ್ದೆಗೆ 2005ರಲ್ಲಿ ಆದ ಕೇಂದ್ರ ತಿದ್ದುಪಡಿಯ ಮೇಲಿನ ಗೊಂದಲವನ್ನು ಸುಪ್ರೀಂ ಕೋರ್ಟ್ 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಬಗೆಹರಿಸಿತು. ಅಗತ್ಯ ಕಕ್ಷಿಯನ್ನು ಬಿಟ್ಟ ಪಾಲಿನ ದಾವೆ ನಿಲ್ಲುವುದಿಲ್ಲ. ಆರನೆಯ ವರ್ಷ ವಾದದ ಹಂತಕ್ಕೆ ಬಂದಾಗ ಒಬ್ಬ ಅತ್ತೆಯ ಹೆಸರು ಹೊರಬಂದರೆ ದಾವೆಪತ್ರ ತಿದ್ದಬೇಕು, ಹೊಸ ಪ್ರತಿವಾದಿಗೆ ಸಮನ್ಸ್ ಹೋಗಬೇಕು, ಅವರ ಕೈಫಿಯತ್ತು ಬರಬೇಕು, ಸಾಕ್ಷಿಯನ್ನು ಮತ್ತೆ ಕರೆಸಬೇಕು. ದಾವೆಗೆ ಮೊದಲು ಮೂಲಪುರುಷನಿಂದ ಹಿಡಿದು ಈಚಿನ ಮಕ್ಕಳವರೆಗೆ, ಮಯತರಾದವರ ಮರಣ ದಾಖಲೆ ಸಮೇತ ಒಂದು ಹಾಳೆ ಸಿದ್ಧವಾಗಬೇಕು. ಊರಲ್ಲಿ ಇದನ್ನು ಸರಿಯಾಗಿ ಹೇಳಬಲ್ಲವರು ಸಾಮಾನ್ಯವಾಗಿ ಹಿರಿಯ ಹೆಂಗಸರು. ಪಹಣಿಯಲ್ಲಿ ಅವರ ಹೆಸರೇ ಇರುವುದಿಲ್ಲ, ಅದು ಬೇರೆ ಮಾತು.

ಆಸ್ತಿಯ ಷೆಡ್ಯೂಲೂ ಅಷ್ಟೇ ಮುಖ್ಯ. ನಮ್ಮ ಉತ್ತರ ಕನ್ನಡ ಜಿಲ್ಲೆ 1862ರಿಂದ ಮುಂಬಯಿ ಆಧಿಪತ್ಯದಲ್ಲಿತ್ತು, ದಾಖಲೆಯ ಭಾಷೆಯಲ್ಲಿ ಅದರ ಗುರುತು ಉಳಿದಿದೆ. ಇಲ್ಲಿನ ಪಹಣಿಯಲ್ಲಿ ಕ್ಷೇತ್ರ ಎಕರೆ, ಗುಂಟೆ, ಆಣೆಯ ಲೆಕ್ಕ. 16 ಆಣೆಗೆ ಒಂದು ಗುಂಟೆ. ಬೆರಳಚ್ಚಿನಲ್ಲಿ ಆಣೆ ಬಿಟ್ಟುಹೋಗುವುದು, ಹಿಸ್ಸಾ ನಂಬರು ತಪ್ಪುವುದು, ಖರಾಬು (ಸಾಗುವಳಿಗೆ ಬಾರದ ನೆಲ) ಸೇರಿಸುವುದು ದಿನನಿತ್ಯದ ತಪ್ಪು. ತೀರ್ಪಿನ ತನಕ ಯಾರ ಕಣ್ಣಿಗೂ ಬೀಳುವುದಿಲ್ಲ. ಸರ್ವೆಯವರು ಅಳತೆಗೆ ಬಂದ ದಿನ 'ಡಿಕ್ರಿಗೂ ಆಕಾರಬಂದಿಗೂ (ಸರ್ವೆಯ ಕ್ಷೇತ್ರ, ಕಂದಾಯದ ಪಟ್ಟಿಗೂ) ತಾಳೆ ಇಲ್ಲ' ಎಂದು ಶರಾ ಬರೆದು ಹಿಂದೆ ಕಳಿಸುತ್ತಾರೆ. ಪಹಣಿ, ಆಕಾರಬಂದಿ, ಟಿಪ್ಪಣಿ (ಸರ್ವೆಯ ಅಳತೆ ನಕ್ಷೆ) ಮೂರನ್ನೂ ಎದುರಿಟ್ಟುಕೊಂಡು ಷೆಡ್ಯೂಲು ಬರೆಸಿದರೆ ಮುಂದೆ ಒಂದೆರಡು ವರ್ಷ ಉಳಿಯುತ್ತದೆ.

ಇನ್ನು ಸಮನ್ಸ್. ಹದಿನಾಲ್ಕು ಕಕ್ಷಿಗಳಲ್ಲಿ ಐದು ಮಂದಿ ಊರಲ್ಲಿ, ಐದು ಮಂದಿ ಬೆಂಗಳೂರಿನಲ್ಲಿ, ಇಬ್ಬರು ಮುಂಬೈಯಲ್ಲಿ, ಇಬ್ಬರು ವಿದೇಶದಲ್ಲಿ ಎಂದರೆ ಈ ಭಾಗದಲ್ಲಿ ಅಪರೂಪದ ಮನೆಯೇನಲ್ಲ. ಊರಿನವರಿಗೆ ಬೇಲಿಫ್ ಮುಟ್ಟಿಸುತ್ತಾರೆ. ಬೆಂಗಳೂರಿನ ವಿಳಾಸಕ್ಕೆ ಅಲ್ಲಿನ ನ್ಯಾಯಾಲಯದ ಮೂಲಕ ಹೋಗಿ, ಅಲ್ಲಿನ ನಜೀರರ (ಸಮನ್ಸ್ ಜಾರಿಯ ಮೇಲ್ವಿಚಾರಕರ) ಕಚೇರಿ, ಅಲ್ಲಿನ ಬೇಲಿಫ್, ಶರಾ, ವಾಪಸು. ಅಷ್ಟರಲ್ಲಿ ವಾಯ್ದೆ ದಾಟಿರುತ್ತದೆ. 'ಬಾಗಿಲಿಗೆ ಬೀಗ' ಎಂಬ ಶರಾ ಮೂರು ಸಲ ಬಂದ ಮೇಲೆ ಪತ್ರಿಕಾ ಪ್ರಕಟಣೆಗೆ ಅರ್ಜಿ. ಇದರಲ್ಲಿ ಬಹಳಷ್ಟು ತಪ್ಪಿಸಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 5ನೇ ಆದೇಶದ 9ಎ ನಿಯಮದಡಿ ವಾದಿಯೇ ಸಮನ್ಸ್ ಪಡೆದು ಕೈಯಾರೆ ಮುಟ್ಟಿಸಲು ಅನುಮತಿ ಕೇಳಬಹುದು. ಬೆಂಗಳೂರಿನವರಿಗೆ ಇದೇ ಸುಲಭ. ಮನೆಯಲ್ಲಿ ಆ ವ್ಯಕ್ತಿ ಇಲ್ಲದಿದ್ದರೆ ಜೊತೆಗೆ ವಾಸಿಸುವ ವಯಸ್ಕ ಸದಸ್ಯರಿಗೆ ಕೊಟ್ಟರೂ 15ನೇ ನಿಯಮದಂತೆ ಜಾರಿಯಾದ ಹಾಗೆಯೇ. ಆದರೆ ಕೆಲಸದವರ ಕೈಗೆ ಕೊಟ್ಟರೆ ಆಗದು. ತೋಟದಾಳಿನ ಸಹಿ ಹಾಕಿಸಿ ತಂದ ಸಮನ್ಸು ಎರಡು ತಿಂಗಳಾದ ಮೇಲೆ ನಿರರ್ಥಕ ಎಂದಾಗುವುದು ಇದೇ ಕಾರಣಕ್ಕೆ. ಅಂಚೆಯಲ್ಲಿ ಸರಿಯಾದ ವಿಳಾಸಕ್ಕೆ ಸ್ವೀಕೃತಿ ಸಹಿತ ಕಳಿಸಿ, 30 ದಿನದೊಳಗೆ ಸ್ವೀಕೃತಿ ಚೀಟಿ ಬಾರದಿದ್ದರೂ ನ್ಯಾಯಾಲಯ ಜಾರಿಯಾಗಿದೆ ಎಂದು ಘೋಷಿಸಬಹುದು. ಅದಕ್ಕೆ ಅಂಚೆ ರಸೀದಿ ಮತ್ತು ಟ್ರ್ಯಾಕಿಂಗ್ ಮುದ್ರಣ ಕಡತದಲ್ಲಿರಬೇಕು, ಮೆಮೊ ಹಾಕಿ ಕೇಳಬೇಕು. ಕೇಳದೆ ಯಾರೂ ಘೋಷಿಸುವುದಿಲ್ಲ.

ಪಿ.ಎಫ್. ಮೊತ್ತ ಚಿಕ್ಕದು, ಆದರೆ ಇದರಿಂದ ಹೋದ ವಾಯ್ದೆಗಳ ಲೆಕ್ಕ ದೊಡ್ಡದು. ವಕೀಲರು ಕಕ್ಷಿದಾರನಿಗೆ ಫೋನ್ ಮಾಡಿರುತ್ತಾರೆ, ಕಕ್ಷಿದಾರ ಕೊಯ್ಲಿನಲ್ಲಿರುತ್ತಾನೆ, ಗುಮಾಸ್ತರು ಪ್ರತಿಗಳನ್ನು ಹಾಕಿರುವುದಿಲ್ಲ. ದಾವೆ ಹೂಡುವ ದಿನವೇ ಪ್ರತಿ ಪ್ರತಿವಾದಿಗೆ ದಾವೆಪತ್ರದ ಪ್ರತಿ, ದಾಖಲೆಗಳ ಪ್ರತಿ, ವಿಳಾಸದ ಲಕೋಟೆ, ಪಿ.ಎಫ್. ಎಲ್ಲ ಕಟ್ಟಿ ಕೊಡಿ. ಮೊಬೈಲ್ ನಂಬರೂ ಬರೆಯಿರಿ; ಬೇಲಿಫ್ ಒಂದು ಫೋನ್ ಮಾಡಿದರೆ ಸೋಂದಾದ ಆಚೆ ಮಣ್ಣುರಸ್ತೆಯಲ್ಲಿ ನಾಲ್ಕು ಮೈಲಿ ಹೋಗಿ ಬೀಗ ನೋಡಿ ಬರುವುದು ತಪ್ಪುತ್ತದೆ.

ಸಮನ್ಸ್ ಮುಟ್ಟಿದ 30 ದಿನದೊಳಗೆ ಕೈಫಿಯತ್ತು, ಕಾರಣವಿದ್ದರೆ 90 ದಿನ. ಇದು 8ನೇ ಆದೇಶದ 1ನೇ ನಿಯಮ. ಆದರೆ 2005ರಲ್ಲಿ ಕೈಲಾಶ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದು ನಿರ್ದೇಶಕ, ಕಡ್ಡಾಯವಲ್ಲ ಎಂದಿತು. ವಾಣಿಜ್ಯ ದಾವೆಗಳಲ್ಲಿ ಮಾತ್ರ 120 ದಿನ ದಾಟಿದರೆ ಬಾಗಿಲು ಮುಚ್ಚಿದಂತೆ. ನಮ್ಮ ಪಾಲಿನ ದಾವೆಗೆ ಆ ಬಿಗಿ ಇಲ್ಲ. ಎಕ್ಸ್‌ಪಾರ್ಟಿ (ಏಕಪಕ್ಷೀಯ) ಆದೇಶವಾಗುತ್ತದೆ, ಆರು ತಿಂಗಳಿಗೆ ಅದನ್ನು ರದ್ದುಮಾಡಿ ಎಂಬ ಅರ್ಜಿ, ಅದಕ್ಕೆ ತಕರಾರು, ಅದಕ್ಕೊಂದು ವಾದ, ಕೊನೆಗೆ ಖರ್ಚು ಕಟ್ಟುವ ಷರತ್ತಿನ ಮೇಲೆ ಮಂಜೂರು. ಇಲ್ಲಿ ವಾದಿಯ ಕಡೆಯವರಿಗೆ ಒಂದು ಮಾತು: ವಿಳಂಬದ ಅರ್ಜಿಗೆ ಸುಮ್ಮನೆ 'ಅಭ್ಯಂತರವಿದೆ' ಎಂದು ಬರೆದು ಮೂರು ತಿಂಗಳು ಹೋರಾಡುವ ಬದಲು, ಖರ್ಚು ಕೊಡಿಸಿ ಮತ್ತು ಇಂತಿಷ್ಟು ದಿನದಲ್ಲಿ ಕೈಫಿಯತ್ತು ಬರಲಿ ಎಂದು ಒಪ್ಪಿಬಿಡುವುದೇ ಲಾಭ. ಸಂಹಿತೆಯ 35ಬಿ ಪ್ರಕಾರ ವಿಳಂಬಕ್ಕಾಗಿ ವಿಧಿಸಿದ ಖರ್ಚು ಕಟ್ಟದಿದ್ದರೆ ಆ ಕಕ್ಷಿಗೆ ಮುಂದೆ ದಾವೆ ನಡೆಸುವ ಹಕ್ಕಿಲ್ಲ. ಈ ಕಲಮನ್ನು ಹೆಸರು ಹಿಡಿದು ಕೇಳುವವರು ಕಡಿಮೆ.

ಕರಾವಳಿಯ ಕಡತವಾದರೆ ಇನ್ನೊಂದು ಗಂಟು. ಅಂಕೋಲಾ, ಕುಮಟಾ, ಹೊನ್ನಾವರಗಳಲ್ಲಿ ಬಹುಪಾಲು ಗದ್ದೆ, ತೆಂಗಿನ ತೋಟ ಗೇಣಿ ಭೂಮಿಯಾಗಿದ್ದವು. ಗೇಣಿ ಪದ್ಧತಿ ರದ್ದಾದ 1974ರ ಮಾರ್ಚ್ 1ರ ನಂತರ ಮನೆಯ ಹಿರಿಯಣ್ಣ ತನ್ನೊಬ್ಬನ ಹೆಸರಿನಲ್ಲಿ ಏಳನೇ ನಮೂನೆ ಅರ್ಜಿ ಕೊಟ್ಟು, ಭೂ ನ್ಯಾಯ ಮಂಡಳಿಯಿಂದ ಅಧಿಭೋಗದ ಹಕ್ಕು ಪಡೆದಿರುತ್ತಾನೆ. ಅದು ಅವನೊಬ್ಬನದೋ ಕೂಡುಕುಟುಂಬದ್ದೋ ಎಂಬುದೇ ದಾವೆಯ ತಿರುಳು. ಯಾರಾದರೂ ಗೇಣಿದಾರಿಕೆಯ ಪ್ರಶ್ನೆಯನ್ನೇ ಎತ್ತಿದರೆ ಭೂ ಸುಧಾರಣಾ ಕಾಯ್ದೆಯ 133ನೇ ಕಲಮಿನಂತೆ ಸಿವಿಲ್ ನ್ಯಾಯಾಲಯ ತಾನು ತೀರ್ಮಾನಿಸದೆ ಮಂಡಳಿಗೆ ಕಳಿಸಬೇಕು. ಕಡತ ಅಲ್ಲಿಗೆ ಹೋದರೆ ಹೋದಂತೆ. ಮಂಡಳಿಯ ಹಳೆಯ ಆದೇಶ, ಏಳನೇ ನಮೂನೆ, ಅದರ ಜೊತೆಗಿನ ಹೇಳಿಕೆಗಳ ದೃಢೀಕೃತ ಪ್ರತಿ ದಾವೆಗೆ ಮೊದಲೇ ತೆಗೆಸಿ ಇಟ್ಟರೆ, ಗೇಣಿಯ ಪ್ರಶ್ನೆ ಎಂದೋ ತೀರ್ಮಾನವಾಗಿದೆ, ಉಳಿದಿರುವುದು ಪಾಲಿನ ಪ್ರಶ್ನೆ ಮಾತ್ರ ಎಂದು ತೋರಿಸಲು ಆಧಾರ ಸಿಗುತ್ತದೆ.

ವಿವಾದಾಂಶ ರಚನೆಗೆ ಮುಂಚೆ ಸಂಹಿತೆಯ 89ನೇ ಕಲಮಿನಡಿ ಮಧ್ಯಸ್ಥಿಕೆ. ಗಡುವು 60 ದಿನ, ಬೇಕಾದರೆ ಇನ್ನು 30. ಅಣ್ಣತಮ್ಮಂದಿರ ದಾವೆಗೆ ಇದಕ್ಕಿಂತ ಒಳ್ಳೆಯ ದಾರಿ ಇಲ್ಲ ಎಂದೇ ನಮ್ಮ ಅಭಿಪ್ರಾಯ, ಆದರೆ ಅದು ಕೆಡುವುದು ಒಂದೇ ಜಾಗದಲ್ಲಿ. ಹದಿನಾಲ್ಕು ಜನರಲ್ಲಿ ಹದಿಮೂರು ಜನ ಒಪ್ಪಿ, ಅಮೆರಿಕದಲ್ಲಿರುವ ಹದಿನಾಲ್ಕನೆಯವರ ಅಧಿಕಾರಪತ್ರ ಬಂದಿರುವುದಿಲ್ಲ. ಅಪ್ರಾಪ್ತ ಮಕ್ಕಳಿದ್ದರೆ 32ನೇ ಆದೇಶದ 7ನೇ ನಿಯಮದಂತೆ ನ್ಯಾಯಾಲಯದ ಅನುಮತಿ ಬೇಕು. ಅದಿಲ್ಲದೆ ಆದ ರಾಜಿಯನ್ನು ಆ ಮಗು ದೊಡ್ಡದಾದ ಮೇಲೆ ಪ್ರಶ್ನಿಸಬಹುದು. ದಾವೆಯಲ್ಲಿಲ್ಲದ ಆಸ್ತಿಯನ್ನು, ಉದಾಹರಣೆಗೆ ಹುಬ್ಬಳ್ಳಿಯ ಒಂದು ಸೈಟನ್ನು, ರಾಜಿಯಲ್ಲಿ ಸೇರಿಸಿದರೆ ಡಿಕ್ರಿಯನ್ನು ನೋಂದಣಿ ಮಾಡಿಸಬೇಕಾಗುತ್ತದೆ. ಲೋಕ ಅದಾಲತ್ತಿನಲ್ಲಿ ಮುಗಿದರೆ ಅದರ ತೀರ್ಪು ಡಿಕ್ರಿಗೆ ಸಮ, ಮೇಲ್ಮನವಿ ಇಲ್ಲ, ಕಟ್ಟಿದ ನ್ಯಾಯಾಲಯ ಶುಲ್ಕವೂ ವಾಪಸು. 200 ರೂಪಾಯಿ ವಾಪಸು ಬರುತ್ತದೆಂದು ಯಾರೂ ರಾಜಿಯಾಗುವುದಿಲ್ಲ ಅನ್ನಿ.

ಸಾಕ್ಷಿಯ ಹಂತ ಬೇಗ ಹೇಳಿ ಮುಗಿಸಬಹುದು. ಮುಖ್ಯ ವಿಚಾರಣೆ ಪ್ರಮಾಣಪತ್ರದಲ್ಲಿ, ಆಮೇಲೆ ಪಾಟೀಸವಾಲು. ಒಂದು ಕಕ್ಷಿಗೆ ಮೂರಕ್ಕಿಂತ ಹೆಚ್ಚು ಮುಂದೂಡಿಕೆ ಕೊಡಬಾರದೆಂದು 17ನೇ ಆದೇಶ ಹೇಳುತ್ತದೆ. ಸೇಲಂ ಬಾರ್ ಪ್ರಕರಣದಲ್ಲಿ 2005ರಲ್ಲಿ, ಕಕ್ಷಿಯ ಕೈಮೀರಿದ ಕಾರಣವಿದ್ದರೆ ನಾಲ್ಕನೆಯದನ್ನೂ ಕೊಡಬಹುದು ಎಂದಾಯಿತು. ಕೈಮೀರಿದ ಕಾರಣ ನಮ್ಮಲ್ಲಿ ಇಲ್ಲದಿಲ್ಲ: ದೇವಿಮನೆ ಘಟ್ಟದಲ್ಲಿ ರಸ್ತೆ ಬಂದ್ ಆಗುತ್ತದೆ, 2024ರ ಜುಲೈನಲ್ಲಿ ಶಿರೂರಿನಲ್ಲಿ ಗುಡ್ಡ ಕುಸಿದಾಗ ಕಾರವಾರದ ದಾರಿಯೇ ಕಡಿಯಿತು. ಆದರೆ ಆರ್ಡರ್ ಶೀಟಿನಲ್ಲಿ ಕಾಣುವ ಕಾರಣ ಬಹುತೇಕ ಇದಲ್ಲ. 'ವಕೀಲರು ಬೇರೆ ನ್ಯಾಯಾಲಯದಲ್ಲಿ', 'ದಾಖಲೆಯ ಪ್ರತಿ ಸಿಕ್ಕಿಲ್ಲ', 'ಕಲಾಪದಿಂದ ವಕೀಲರು ದೂರ'. ಮುಷ್ಕರದ ಹಕ್ಕು ವಕೀಲರಿಗಿಲ್ಲ ಎಂದು ಸುಪ್ರೀಂ ಕೋರ್ಟ್ 2002ರಲ್ಲೇ ಹೇಳಿದೆ, ಆ ತೀರ್ಪಿನ ನಂತರವೂ ಈ ಸಾಲು ಕಡತಗಳಲ್ಲಿ ಬಂದಿದೆ. ಜೊತೆಗೆ ಬೇಸಿಗೆ ರಜೆಯ ಹೊತ್ತಿನ ವರ್ಗಾವಣೆ. ಸಾಕ್ಷ್ಯ ಹಾಗೆಯೇ ಮುಂದುವರಿಯುತ್ತದೆ, ಆದರೆ ವಾದವನ್ನು ಹೊಸ ನ್ಯಾಯಾಧೀಶರ ಮುಂದೆ ಮತ್ತೆ ಮಾಡಬೇಕು. ಮಾರ್ಚಿನಲ್ಲಿ ವಾದ ಶುರುಮಾಡುವ ಕಡತದಲ್ಲಿ ಲಿಖಿತ ವಾದವನ್ನೂ ಸಲ್ಲಿಸಿಬಿಡುವುದು ಜಾಣತನ.

ಇನ್ನು ಸಾವು. ಹದಿನಾಲ್ಕು ಕಕ್ಷಿಗಳಲ್ಲಿ ನಾಲ್ವರಿಗೆ ಎಪ್ಪತ್ತು ದಾಟಿದ್ದರೆ, ಹತ್ತು ವರ್ಷದಲ್ಲಿ ಏನಾಗುತ್ತದೆ ಎಂದು ಬಿಡಿಸಿ ಹೇಳಬೇಕಿಲ್ಲ. ಕಕ್ಷಿ ತೀರಿಕೊಂಡ 90 ದಿನದೊಳಗೆ ವಾರಸುದಾರರನ್ನು ದಾಖಲೆಗೆ ತರಬೇಕು. ತಪ್ಪಿದರೆ ಆ ಮಟ್ಟಿಗೆ ದಾವೆ ಅಬೇಟ್ ಆಗುತ್ತದೆ, ಅಂದರೆ ಬಿದ್ದುಹೋಗುತ್ತದೆ. ಆಮೇಲಿನ 60 ದಿನದಲ್ಲಿ ಅದನ್ನು ರದ್ದುಮಾಡಿಸಲು ಅರ್ಜಿ. ಅದೂ ತಪ್ಪಿದರೆ ವಿಳಂಬ ಮನ್ನಿಸಲು ಇನ್ನೊಂದು. ಹೀಗೆ ಒಂದೇ ಸಾವಿಗೆ ಮೂರು ಮಧ್ಯಂತರ ಅರ್ಜಿ, ಮೂರಕ್ಕೂ ನೋಟಿಸು, ನೋಟಿಸು ಮುಟ್ಟಿಸಲು ಮತ್ತೆ ಪಿ.ಎಫ್. ಒಬ್ಬರದು ಮುಗಿಯುವಷ್ಟರಲ್ಲಿ ಇನ್ನೊಬ್ಬರು.

ಇದನ್ನು ಕಡಿಮೆ ಮಾಡುವ ದಾರಿಗಳು ಸಂಹಿತೆಯಲ್ಲೇ ಇವೆ, ಬಳಕೆ ಸಾಲದು. ತನ್ನ ಕಕ್ಷಿದಾರ ತೀರಿಕೊಂಡಿದ್ದು ತಿಳಿದರೆ ನ್ಯಾಯಾಲಯಕ್ಕೆ ತಿಳಿಸುವುದು ವಕೀಲರ ಕರ್ತವ್ಯ ಎಂದು 22ನೇ ಆದೇಶದ 10ಎ ಹೇಳುತ್ತದೆ. ತೀರಿಕೊಂಡವರ ಹೆಂಡತಿ ಮಕ್ಕಳೆಲ್ಲ ಮೊದಲೇ ಕಕ್ಷಿಗಳಾಗಿದ್ದರೆ ಹೊಸ ಅರ್ಜಿಯ ರಗಳೆ ಇಲ್ಲ, ಆ ಸಂಗತಿ ದಾಖಲಿಸಲು ಒಂದು ಮೆಮೊ ಸಾಕು. ದಾವೆ ಹೂಡುವಾಗಲೇ ವಯಸ್ಸಾದವರ ಮಕ್ಕಳನ್ನೂ ಸೇರಿಸಿಕೊಳ್ಳುವುದರ ಪ್ರಯೋಜನ ಇದೇ. ಕೈಫಿಯತ್ತೇ ಹಾಕದ, ಹಾಜರಾಗದ ಪ್ರತಿವಾದಿ ಸತ್ತರೆ 22ನೇ ಆದೇಶದ 4(4)ರಡಿ ವಾರಸುದಾರರನ್ನು ತರುವುದರಿಂದ ವಿನಾಯಿತಿ ಕೇಳಬಹುದು. ಆದರೆ ತೀರ್ಪಿನ ಮೊದಲು ಕೇಳಿ ಆದೇಶ ಪಡೆದಿರಬೇಕು. ಮೇಲ್ಮನವಿಯಲ್ಲಿ ನೆನಪಾದರೆ ಉಪಯೋಗವಿಲ್ಲ.

ಇಷ್ಟೆಲ್ಲ ದಾಟಿ ತೀರ್ಪು ಬಂತು ಎನ್ನೋಣ. 'ವಾದಿಗೆ ಆರನೇ ಒಂದು ಹಿಸ್ಸೆ.' ಊರಿಗೆ ಸುದ್ದಿ ಹೋಗುತ್ತದೆ, ಗೆದ್ದರು ಎಂದು. ಇದು ಪ್ರಾಥಮಿಕ ಡಿಕ್ರಿ. ಹಿಸ್ಸೆ ಎಷ್ಟು ಎಂದು ಹೇಳುತ್ತದೆ, ಯಾವ ಮರ ಯಾರದು ಎಂದು ಹೇಳುವುದಿಲ್ಲ. ಅದಕ್ಕೆ ಅಂತಿಮ ಡಿಕ್ರಿ ಆಗಬೇಕು. ನಮ್ಮ ಜಿಲ್ಲೆಯ ಪಾಲಿನ ದಾವೆಗಳ ಅರ್ಧ ಆಯುಷ್ಯ ಹೋಗುವುದು ಇವೆರಡರ ನಡುವೆ. ಅಂತಿಮ ಡಿಕ್ರಿಗೆ ಅರ್ಜಿ ಹಾಕಲು ಕಾಲಮಿತಿ ಇಲ್ಲ ಎಂದು 2009ರ ಶುಭಕರಣ್ ಬುಬ್ನಾ ಪ್ರಕರಣದಲ್ಲಿ ಹೇಳಿದ ಸುಪ್ರೀಂ ಕೋರ್ಟು, ಆ ಎರಡು ಹಂತದ ಪದ್ಧತಿಯೇ ಜನರನ್ನು ಸುಸ್ತು ಮಾಡುತ್ತಿದೆ ಎಂದೂ ಗುರುತಿಸಿತ್ತು. 2022ರ ಜೂನ್‌ನಲ್ಲಿ ಕೇರಳದ ಕಟ್ಟುಕಂಡಿ ಪ್ರಕರಣದಲ್ಲಿ, ಪ್ರಾಥಮಿಕ ಡಿಕ್ರಿಯ ನಂತರ ವಿಚಾರಣಾ ನ್ಯಾಯಾಲಯ ತಾನೇ ಕಡತವನ್ನು ಅಂತಿಮ ಡಿಕ್ರಿಗಾಗಿ ಮುಂದುವರಿಸಬೇಕು, ಕಕ್ಷಿ ಬೇರೆ ಅರ್ಜಿ ಹಾಕಲಿ ಎಂದು ಕಾಯಬಾರದು ಎಂದಿತು. ತೀರ್ಪಿನ ಕೊನೆಯಲ್ಲಿ 'ಅಂತಿಮ ಡಿಕ್ರಿಯ ಕ್ರಮಕ್ಕಾಗಿ ಇಂಥ ದಿನ' ಎಂಬ ಸಾಲು ಇದೆಯೇ ಎಂದು ನೋಡಿ. ಇಲ್ಲದಿದ್ದರೆ ಈ ತೀರ್ಪನ್ನು ತೋರಿಸಿ ಕೂಡಲೇ ಮೆಮೊ ಹಾಕಿ.

ಅಂತಿಮ ಹಂತದಲ್ಲಿ ಆಸ್ತಿ ಎರಡು ದಾರಿ ಹಿಡಿಯುತ್ತದೆ. ಮನೆ, ಅಟ್ಟ, ಅಂಗಳ ಹಂಚಲು ನ್ಯಾಯಾಲಯ ಕಮಿಷನರರನ್ನು ನೇಮಿಸುತ್ತದೆ. ಕಂದಾಯ ಕಟ್ಟುವ ಜಮೀನು ಸಂಹಿತೆಯ 54ನೇ ಕಲಮಿನಂತೆ ಜಿಲ್ಲಾಧಿಕಾರಿಗೆ ಹೋಗುತ್ತದೆ. ಶಿರಸಿಯಿಂದ ಕಾರವಾರಕ್ಕೆ, ಅಲ್ಲಿಂದ ಮತ್ತೆ ಶಿರಸಿಯ ತಹಶೀಲ್ದಾರರಿಗೆ, ಅವರಿಂದ ಭೂದಾಖಲೆಗಳ ಸಹಾಯಕ ನಿರ್ದೇಶಕರಿಗೆ, ಅಲ್ಲಿಂದ ಒಬ್ಬ ಸರ್ವೆಯರಿಗೆ. ಈ ದಾರಿಯಲ್ಲಿ ಕಡತಕ್ಕೆ ವಾಯ್ದೆ ಎಂಬುದೇ ಇಲ್ಲ, ಹಾಗಾಗಿ ಅದು ಮಲಗಿದರೆ ಎಬ್ಬಿಸುವವರೂ ಇಲ್ಲ. ನ್ಯಾಯಾಲಯದಲ್ಲಿ 'ಜಿಲ್ಲಾಧಿಕಾರಿಯ ವರದಿ ಬಂದಿಲ್ಲ' ಎಂದು ವಾಯ್ದೆ ಬೀಳುತ್ತ ಹೋಗುತ್ತದೆ. ಪ್ರತಿ ಕಚೇರಿಯ ಹೊರಸಾಗಣೆ ನಂಬರು ಮತ್ತು ತಾರೀಖು ಬರೆದಿಟ್ಟುಕೊಂಡು ಮುಂದಿನ ಕಚೇರಿಯಲ್ಲಿ ಅದೇ ನಂಬರು ಹೇಳಿ ಕೇಳುವವನ ಕಡತ ಮಾತ್ರ ಚಲಿಸುತ್ತದೆ. ಡಿಕ್ರಿ, ತೀರ್ಪು, ಈಚಿನ ಪಹಣಿ, ಟಿಪ್ಪಣಿ, ಎಲ್ಲ ಕಕ್ಷಿಗಳ ಮತ್ತು ಸುತ್ತಲಿನ ಹಿಡುವಳಿದಾರರ ಈಗಿನ ವಿಳಾಸ ಇಷ್ಟು ಮೊದಲ ದಿನವೇ ಜೊತೆಗಿರಲಿ. ಇದರಲ್ಲಿ ಒಂದು ಇಲ್ಲದಿದ್ದರೂ ಕಡತ ಬಂದ ದಾರಿಯಲ್ಲೇ ಹಿಂತಿರುಗುತ್ತದೆ.

ಅಳತೆಗೆ ಕಾಲವೂ ಬೇಕು. ಜೂನ್‌ನಿಂದ ಸೆಪ್ಟೆಂಬರ್ ತನಕ ಮಲೆನಾಡಿನ ಕಣಿವೆ ತೋಟದಲ್ಲಿ ಸರಪಳಿ ಎಳೆಯುವುದು ಆಗದ ಮಾತು. ಹಳ್ಳದ ದಂಡೆಯೇ ಗಡಿಯಾಗಿದ್ದರೆ ನೀರು ಇಳಿಯುವ ತನಕ ಗಡಿಯೇ ಕಾಣದು. ನವೆಂಬರಿನಿಂದ ಕೊನೆಕೊಯ್ಲು, ಯಾರೂ ಬಿಡುವಿಲ್ಲ. ಉಳಿಯುವುದು ಫೆಬ್ರುವರಿಯಿಂದ ಮೇ. ಆ ನಾಲ್ಕು ತಿಂಗಳಲ್ಲಿ ಅಳತೆ ಆಗದಿದ್ದರೆ ಒಂದು ವರ್ಷ ಹೋಯಿತೆಂದೇ ಲೆಕ್ಕ. ಡಿಸೆಂಬರಿನಲ್ಲೇ ಅಳತೆ ಶುಲ್ಕ ಕಟ್ಟಿ ದಿನ ಗೊತ್ತುಮಾಡಿಸಿಕೊಳ್ಳಬೇಕು.

ತೋಟ ಹಂಚುವುದರಲ್ಲಿ ಗುಂಟೆ ಸಮ ಮಾಡಿದರೆ ಪಾಲು ಸಮವಾಗುವುದಿಲ್ಲ. ಮೇಲಿನ ತುದಿಗೆ ಕೆರೆಯ ನೀರು ಮೊದಲು ಸಿಗುತ್ತದೆ. ಕೆಳಗಿನ ತಗ್ಗಿನಲ್ಲಿ ಬಸಿಗಾಲುವೆ ಸರಿಯಿಲ್ಲದೆ ಕೊಳೆರೋಗ ಹೆಚ್ಚು. ಒಂದು ಕಡೆ ಹದಿನೈದು ವರ್ಷದ ಫಸಲಿನ ಮರ, ಇನ್ನೊಂದು ಕಡೆ ಹೊಸ ಸಸಿ. ಕಮಿಷನರ್ ವಾರಂಟಿನಲ್ಲಿ 'ಸ್ಥಳ ಪರಿಶೀಲಿಸಿ ವರದಿ ಕೊಡಿ' ಎಂದಷ್ಟೇ ಇದ್ದರೆ ವರದಿಗೆ ಎರಡೂ ಕಡೆಯ ತಕರಾರು ಖಚಿತ, ಕಮಿಷನರ್ ಸಾಕ್ಷಿ ಕಟಕಟೆಗೂ ಬರಬೇಕಾಗುತ್ತದೆ. ಬರೆಸಬೇಕಾದ ಅಂಶಗಳು: ವಯಸ್ಸಿನಂತೆ ಅಡಿಕೆ ಮರಗಳ ಎಣಿಕೆ, ಕಾಳುಮೆಣಸಿನ ಬಳ್ಳಿ ಇರುವ ಮರಗಳು, ನೀರಿನ ಮೂಲ ಮತ್ತು ಕಾಲುವೆಯ ದಾರಿ, ಗೊಬ್ಬರ ಹೊರುವ ದಾರಿ, ಅಟ್ಟ ಮತ್ತು ಡ್ರೈಯರ್, ಯಾವ ಭಾಗ ಯಾರ ಸಾಗುವಳಿಯಲ್ಲಿದೆ. ಜೊತೆಗೆ ಸೊಸೈಟಿಯ ವಿಕ್ರಿ ಪಟ್ಟಿ ತೆಗೆಸಿ ಹಾಜರುಪಡಿಸಿ, ದಾವೆಯ ಕಾಲದ ಉತ್ಪನ್ನದ ಲೆಕ್ಕ ಅದರಿಂದಲೇ ಹೊರಡುವುದು. ಸಮವಾಗಿ ಒಡೆಯಲಾಗದ ಕಡೆ ಹೆಚ್ಚು ಪಡೆದವರು ಹಣ ತುಂಬಿಕೊಡುವುದು, ಅದೂ ಆಗದಿದ್ದರೆ 1893ರ ವಿಭಜನಾ ಕಾಯ್ದೆಯಂತೆ ಮಾರಾಟ.

ಸೊಪ್ಪಿನ ಬೆಟ್ಟ ಬೇರೆಯದೇ ಕಥೆ. ಅದು ಸರ್ಕಾರದ ಭೂಮಿ. ತೋಟಿಗರಿಗೆ ಇರುವುದು ಸೊಪ್ಪು, ದರಕು (ಒಣಗಿದ ಎಲೆ) ತರುವ ಸೌಲಭ್ಯ ಮಾತ್ರ, ಮತ್ತು ಅದು ತೋಟಕ್ಕೆ ಅಂಟಿಕೊಂಡದ್ದು. ಒಡೆತನದ ಜಮೀನಿನ ಹಾಗೆ ಷೆಡ್ಯೂಲಿನಲ್ಲಿ ಸೇರಿಸಿದರೆ ಅಂತಿಮ ಹಂತದಲ್ಲಿ ತಗಾದೆ. ತೋಟದ ಹಿಸ್ಸೆಯ ಪ್ರಮಾಣದಲ್ಲಿ ಬೆಟ್ಟದ ಸೌಲಭ್ಯ ಅನುಭವಿಸುವುದು ಎಂದು ದಾವೆಪತ್ರದಲ್ಲೇ ಪ್ರತ್ಯೇಕವಾಗಿ ಕೇಳಿಕೊಳ್ಳುವುದು ಸರಿ.

ಪ್ರಾಥಮಿಕ ಡಿಕ್ರಿಯ ಮೇಲಿನ ಮೇಲ್ಮನವಿಯನ್ನೂ ಲೆಕ್ಕಕ್ಕೆ ಹಿಡಿಯಬೇಕು. ಸಂಹಿತೆಯ 97ನೇ ಕಲಮಿನಂತೆ ಆ ಡಿಕ್ರಿಯನ್ನು ಆಗಲೇ ಪ್ರಶ್ನಿಸದಿದ್ದರೆ ಮುಂದೆ ಪ್ರಶ್ನಿಸಲಾಗದು, ಹಾಗಾಗಿ ಸೋತವರು ಸುಮ್ಮನಿರುವುದಿಲ್ಲ. ಜಿಲ್ಲಾ ನ್ಯಾಯಾಲಯಕ್ಕೆ 30 ದಿನ, ಹೈಕೋರ್ಟಿಗೆ 90 ದಿನ. ನಮ್ಮ ಜಿಲ್ಲೆಗೆ 2008ರಿಂದ ಧಾರವಾಡವೇ ಹೈಕೋರ್ಟ್, 2013ರಿಂದ ಅದು ಕಾಯಂ ಪೀಠ. ಬೆಂಗಳೂರಿನ ಓಡಾಟ ತಪ್ಪಿತು. ಮೇಲ್ಮನವಿ ಹಾಕಿದ ಮಾತ್ರಕ್ಕೆ ತಡೆ ಸಿಕ್ಕಂತಲ್ಲ, ತಡೆಯಾಜ್ಞೆಯ ಪ್ರತಿ ಕೇಳಿ ನೋಡಿ. ತಡೆ ಇದ್ದರೆ ಆರು ತಿಂಗಳಿಗೆ ತಾನೇ ಬಿದ್ದುಹೋಗುತ್ತದೆ ಎಂಬ ನಂಬಿಕೆ ಇನ್ನೂ ಓಡಾಡುತ್ತಿದೆ. 2018ರಲ್ಲಿ ಹಾಗೊಂದು ತೀರ್ಪಿತ್ತು, 2024ರ ಫೆಬ್ರುವರಿ 29ರಂದು ಐವರು ನ್ಯಾಯಮೂರ್ತಿಗಳ ಪೀಠ ಅದನ್ನು ತಳ್ಳಿಹಾಕಿತು. ತೆರವಿಗೆ ಅರ್ಜಿ ಹಾಕಲೇಬೇಕು.

ತ್ವರಿತಗೊಳಿಸುವ ಆದೇಶಗಳಿಗೆ ಕೊರತೆಯಿಲ್ಲ. ಯಶಪಾಲ್ ಜೈನ್ ಪ್ರಕರಣದಲ್ಲಿ 2023ರ ಅಕ್ಟೋಬರ್ 20ರಂದು ಸುಪ್ರೀಂ ಕೋರ್ಟ್ ಸಮನ್ಸ್‌ನಿಂದ ತೀರ್ಪಿನವರೆಗೆ ಪ್ರತಿ ಹಂತಕ್ಕೂ ಸೂಚನೆ ಕೊಟ್ಟು, ಐದು ವರ್ಷ ಮೀರಿದ ದಾವೆಗಳ ಮೇಲೆ ಜಿಲ್ಲಾ ನ್ಯಾಯಾಧೀಶರು ಮತ್ತು ಹೈಕೋರ್ಟು ನಿಗಾ ಇಡಬೇಕೆಂದಿತು. ಆ ಪೀಠದಲ್ಲಿದ್ದ ನ್ಯಾಯಮೂರ್ತಿ ಅರವಿಂದ ಕುಮಾರ್ ನಮ್ಮ ಹೈಕೋರ್ಟಿನಿಂದಲೇ ಹೋದವರು. ನಮ್ಮ ವಿಧಾನಮಂಡಲ 2023ರಲ್ಲಿ ಅಂಗೀಕರಿಸಿದ ತಿದ್ದುಪಡಿಯೊಂದು ಸಣ್ಣ ರೈತರು ಮತ್ತು ಆರ್ಥಿಕವಾಗಿ ದುರ್ಬಲರ ಸಿವಿಲ್ ದಾವೆಗಳಿಗೆ ಆರು ತಿಂಗಳ ಗಡುವು ಹಾಕಿತು. ಆದರೆ ಈ ಗಡಿಯಾರಗಳೆಲ್ಲ ನ್ಯಾಯಾಲಯದ ಗೋಡೆಯ ಮೇಲಿವೆ. ಸರ್ವೆ ಕಚೇರಿಯ ಗೋಡೆಯ ಮೇಲೆ ಗಡಿಯಾರವಿಲ್ಲ, 54ನೇ ಕಲಮಿನಲ್ಲೂ ಇಷ್ಟು ದಿನದಲ್ಲಿ ವರದಿ ಬರಬೇಕೆಂಬ ಮಾತಿಲ್ಲ. ಅಲ್ಲೊಂದು ಗಡುವು ಬಂದರೆ ಉತ್ತರ ಕನ್ನಡದ ಪಾಲಿನ ದಾವೆಗಳಿಗೆ ಆಗುವ ಉಪಕಾರ ಇನ್ನಾವುದರಿಂದಲೂ ಆಗದು. ಸದ್ಯಕ್ಕೆ ಇರುವ ಉಪಾಯ, ಕಡತ ಕಳಿಸುವಾಗಲೇ ವರದಿಗೆ ದಿನ ಗೊತ್ತುಮಾಡಿ ಎಂದು ನ್ಯಾಯಾಲಯವನ್ನು ಕೇಳುವುದು ಮತ್ತು ಆ ದಿನ ದಾಟಿದೊಡನೆ ಜ್ಞಾಪನಕ್ಕೆ ಮೆಮೊ ಹಾಕುವುದು.

ಅಂತಿಮ ಡಿಕ್ರಿಯನ್ನು ಛಾಪಾ ಕಾಗದದ ಮೇಲೆ ಬರೆಸಬೇಕು. ಆ ಖರ್ಚು ಯಾರು ಹಾಕಬೇಕೆಂಬ ಜಗಳದಲ್ಲಿ ವರ್ಷಗಟ್ಟಲೆ ಬಿಡುವವರಿದ್ದಾರೆ. ಛಾಪಾ ಕಾಗದ ಕೊಟ್ಟ ದಿನದಿಂದ ಅಮಲ್ಜಾರಿಯ (ಡಿಕ್ರಿ ಜಾರಿಗೆ ಕೇಳುವ) 12 ವರ್ಷ ಶುರುವಾಗುತ್ತದೆ ಎಂಬ ಲೆಕ್ಕಾಚಾರ ತಪ್ಪು. ಡಿಕ್ರಿಯ ದಿನದಿಂದಲೇ ಶುರು ಎಂದು 2005ರಲ್ಲೇ ತೀರ್ಮಾನವಾಗಿದೆ. ಸ್ವಾಧೀನ ಬಿಟ್ಟುಕೊಡದಿದ್ದರೆ ದರಖಾಸ್ತು, ಅಂದರೆ ಡಿಕ್ರಿ ಜಾರಿಯ ಅರ್ಜಿ. ಅದನ್ನು ಆರು ತಿಂಗಳಲ್ಲಿ ಮುಗಿಸಬೇಕೆಂದು 2021ರ ಏಪ್ರಿಲ್‌ನಲ್ಲಿ ರಾಹುಲ್ ಶಾ ಪ್ರಕರಣದಲ್ಲಿ, ಅದೂ ಬೆಂಗಳೂರಿನಿಂದಲೇ ಹೋದ ವ್ಯಾಜ್ಯದಲ್ಲಿ, ಸುಪ್ರೀಂ ಕೋರ್ಟ್ ಹೇಳಿತು. 2025ರಲ್ಲಿ ಅದೇ ನ್ಯಾಯಾಲಯ ದೇಶದ ಹೈಕೋರ್ಟುಗಳಿಂದ ಲೆಕ್ಕ ತರಿಸಿದಾಗ ಬಾಕಿ ದರಖಾಸ್ತುಗಳು 8.8 ಲಕ್ಷ ದಾಟಿದ್ದವು. ದರಖಾಸ್ತಿನಲ್ಲಿ ಹೊಸದಾಗಿ ಅಡ್ಡ ಬರುವವರು ಸಾಮಾನ್ಯವಾಗಿ ದಾವೆ ನಡೆಯುವಾಗ ಒಂದು ತುಂಡು ಕೊಂಡವರು. ಅವರಿಗೂ ಡಿಕ್ರಿ ಬಾಧ್ಯ, ಆದರೆ ಅವರ ತಕರಾರು ಅರ್ಜಿ ತೀರ್ಮಾನವಾಗಬೇಕಲ್ಲ. ದಾವೆಯ ಮೊದಲ ವಾರದಲ್ಲೇ ಪರಭಾರೆ ತಡೆಯಾಜ್ಞೆ ಪಡೆದು ಅದನ್ನು ಪಹಣಿಯ 11ನೇ ಕಾಲಮ್ಮಿಗೆ (ಋಣ, ಇತರ ಹಕ್ಕುಗಳ ಕಾಲಮ್ಮು) ಹತ್ತಿಸಿದ್ದರೆ ಕೊಳ್ಳುವವರೇ ಹಿಂಜರಿಯುತ್ತಿದ್ದರು.

ಬೇಲಿಫ್ ಮತ್ತು ಸರ್ವೆಯರ್ ಬಂದು ಕಲ್ಲು ನೆಟ್ಟು, ಪಂಚರ ಸಹಿ ಹಾಕಿಸಿ ಸ್ವಾಧೀನದ ಮಹಜರು ಮಾಡಿದ ಮೇಲೆ ಅದರ ದೃಢೀಕೃತ ಪ್ರತಿ, ಅಂತಿಮ ಡಿಕ್ರಿ, ಹಂಚಿಕೆಯ ನಕ್ಷೆ ಜೋಡಿಸಿ ಅದೇ ವಾರ ವಾಟ್ನಿ ನೋಂದಿಗೆ (ಪಾಲಿನಂತೆ ಪಹಣಿ ಬದಲಾವಣೆಗೆ) ಅರ್ಜಿ ಕೊಡಿ. ಹೊಸ ಪಹಣಿ ಬಂದಾಗ 9ನೇ ಕಾಲಮ್ಮಿನಲ್ಲಿ ಹೆಸರು ನೋಡಿ ಸಮಾಧಾನಪಡದೆ 11ನೆಯದನ್ನೂ ಓದಿ. ಕೂಡುಕುಟುಂಬದ ಕಾಲದಲ್ಲಿ ಹಿರಿಯರು ಮಾಡಿದ ಬೆಳೆಸಾಲದ ಬೋಜಾ (ಹೊರೆ) ಎಲ್ಲ ಹಿಸ್ಸೆಗಳಿಗೂ ನಕಲಾಗಿ ಬಂದಿರುತ್ತದೆ. ಸಾಲ ಯಾರ ಪಾಲಿಗೆ ಎಂದು ಡಿಕ್ರಿಯಲ್ಲಿ ಬರೆದಿದ್ದರೆ ಸೊಸೈಟಿಯಿಂದ ಬೇಬಾಕಿ (ಬಾಕಿ ಇಲ್ಲವೆಂಬ) ಪತ್ರ ತಂದು ತೆಗೆಸಬಹುದು. ಬರೆದಿಲ್ಲದಿದ್ದರೆ, ನಿಮ್ಮ ಹಿಸ್ಸೆಯ ಮೇಲೆ ಹೊಸ ಸಾಲ ಕೇಳಲು ಹೋದ ದಿನ ಅಣ್ಣನ ಬಾಕಿ ತೀರಿಸಿ ಬನ್ನಿ ಎನ್ನುತ್ತಾರೆ.